ಅರ್ಹತೆ ಇಲ್ಲವಾ, ಕಾಗದ ಇಲ್ಲವಾ?

ಕಾಲೇಜು ಪ್ರವೇಶದ ಕೇಸು ಹಿಡಿದು ಬರುವವರನ್ನು ವಕೀಲನಾಗಿ ನಾನು ಮೊದಲು ಕೇಳುವುದು ಇಷ್ಟೇ: ಹುಡುಗನಿಗೆ ಅರ್ಹತೆಯೇ ಇಲ್ಲವಾ, ಅರ್ಹತೆ ಇದ್ದು ಅದನ್ನು ತೋರಿಸುವ ಕಾಗದ ಇಲ್ಲವಾ? ಹೈಕೋರ್ಟಿನಲ್ಲಿ ರಿಟ್, ಅಂದರೆ ವಿಶ್ವವಿದ್ಯಾಲಯದಂಥ ಸಂಸ್ಥೆಯ ತೀರ್ಮಾನವನ್ನು ಪ್ರಶ್ನಿಸುವ ಅರ್ಜಿ, ನಿಲ್ಲುತ್ತದೋ ಬೀಳುತ್ತದೋ ಅನ್ನುವುದು ಬಹುಪಾಲು ಇದರ ಮೇಲೇ ಇರುತ್ತದೆ.

ಕಾಗದದ ತೊಂದರೆಯಾದರೆ ನನಗೆ ಧೈರ್ಯ ಜಾಸ್ತಿ. ಒಡಿಶಾದ ವಿದ್ಯಾರ್ಥಿನಿಯೊಬ್ಬಳು ಸೈನಿಕರ ಮಕ್ಕಳ ಕೋಟಾದಲ್ಲಿ ಮೆಡಿಕಲ್ ಸೀಟು ಕೇಳಿದ್ದಳು. ಜಿಲ್ಲಾ ಸೈನಿಕ ಮಂಡಳಿ ಕೊಟ್ಟ ಪ್ರಮಾಣಪತ್ರವೇ ತಪ್ಪಾಗಿತ್ತು. ತಿದ್ದಿದ ಪತ್ರ ಕೈಸೇರುವಷ್ಟರಲ್ಲಿ ಕೊನೆಯ ದಿನ ದಾಟಿತ್ತು. ಅರ್ಹತೆ ಕೊನೆಯ ದಿನದೊಳಗೆ ಇರಲೇಬೇಕು, ಆದರೆ ಅದರ ಪುರಾವೆಯ ವಿಷಯದಲ್ಲಿ ಅಷ್ಟು ಬಿಗಿ ಬೇಡ ಎಂದು ಸುಪ್ರೀಂ ಕೋರ್ಟ್ 2004ರಲ್ಲಿ ಅವಳ ಪರ ನಿಂತಿತು. ಈ ತೀರ್ಪಿಲ್ಲದೆ ನಾನು ಇಂಥ ಕೇಸಿಗೆ ಹೋಗುವುದೇ ಇಲ್ಲ.

ಅರ್ಹತೆಯೇ ಇಲ್ಲದಿದ್ದರೆ ಮಾತು ಬೇರೆ. ನಮ್ಮ ರಾಜೀವ್ ಗಾಂಧಿ ಆರೋಗ್ಯ ವಿಜ್ಞಾನಗಳ ವಿಶ್ವವಿದ್ಯಾಲಯದ ನರ್ಸಿಂಗ್ ಪ್ರಕರಣವೊಂದರಲ್ಲಿ ಬೇಕಿದ್ದದ್ದು ಶೇ 55, ಇದ್ದದ್ದು ಶೇ 54.71. ನಿಯಮದಲ್ಲಿ ಅವಕಾಶವಿಲ್ಲದೆ ಅದನ್ನು 55 ಮಾಡಲಾಗದು ಎಂದು 2012ರಲ್ಲಿ ತೀರ್ಪಾಯಿತು. ‘ಇಷ್ಟಕ್ಕೆಲ್ಲಾ ಏನಾಗುತ್ತೆ ಸರ್’ ಎನ್ನುವ ಪೋಷಕರಿಗೆ ಇದನ್ನು ತೋರಿಸಿ ವಾಪಸ್ ಕಳಿಸುತ್ತೇನೆ. ಬೇಜಾರಾಗುತ್ತದೆ. ಆದರೆ ಸುಮ್ನೆ ಆಸೆ ಹುಟ್ಟಿಸಿ ಮಗುವಿನ ಒಂದು ವರ್ಷ ತಿನ್ನುವುದು ಅದಕ್ಕಿಂತ ಕೆಟ್ಟದ್ದು.

ಇವೆರಡರ ನಡುವೆ ಬರುವ ಕೇಸುಗಳೇ ಕಷ್ಟದವು. ಹೊರ ರಾಜ್ಯದ ಮಂಡಳಿಯಲ್ಲಿ ಹನ್ನೆರಡನೇ ತರಗತಿ ಪಾಸಾದ ಹುಡುಗನೊಬ್ಬ ಪದವಿಗೆ ಸೇರಿದ್ದ. ಕಾಲೇಜು ಶುಲ್ಕ ಕಟ್ಟಿಸಿಕೊಂಡಿತು, ಮೊದಲ ಸೆಮಿಸ್ಟರ್ ಪರೀಕ್ಷೆಯೂ ಆಯಿತು. ಎರಡನೆಯದಕ್ಕೆ ಹಾಲ್ ಟಿಕೆಟ್ ಬರಲಿಲ್ಲ. ‘ನಿಮ್ಮ ಬೋರ್ಡ್ ನಮ್ಮ ಪಟ್ಟಿಯಲ್ಲಿಲ್ಲ’ ಎಂದು ಕೌಂಟರಿನಲ್ಲಿ ಬಾಯಿಮಾತಿನಲ್ಲೇ ಹೇಳಿ ಕಳಿಸಿದ್ದರು.

ಬಾಯಿಮಾತನ್ನು ಕೋರ್ಟಿನಲ್ಲಿ ಪ್ರಶ್ನಿಸುವುದು ಕಷ್ಟ. ಕುಲಸಚಿವರಿಗೆ ಮನವಿ ಬರೆಸಿ, ಸ್ವೀಕೃತಿ ಸೀಲು ಹಾಕಿಸಿಕೊಂಡು, ಲಿಖಿತ ಹಿಂಬರಹಕ್ಕೆ, ಅಂದರೆ ಕಚೇರಿಯ ಅಧಿಕೃತ ಉತ್ತರಕ್ಕೆ, ಪಟ್ಟು ಹಿಡಿದೆವು. ಅದು ಬಂದ ಮೇಲೇ ರಿಟ್ ಹಾಕಿದ್ದು. ಆ ಹೊತ್ತಿಗೆ ಅವನ ಅರ್ಜಿಯ ಪ್ರತಿಯನ್ನೂ ತರಿಸಿದ್ದೆ. ‘ಕೊನೆಯದಾಗಿ ಪಾಸಾದ ಪರೀಕ್ಷೆ’ ಎಂಬ ಕಾಲಂನಲ್ಲಿ ಮಂಡಳಿಯ ಪೂರ್ತಿ ಹೆಸರಿತ್ತು. ಲಗತ್ತಿಸಿದ್ದ ಅಂಕಪಟ್ಟಿಯ ಮೇಲೆ ವಿಶ್ವವಿದ್ಯಾಲಯದ ಪರಿಶೀಲನಾ ಸೀಲು, ಕೆಳಗೆ ಗುಮಾಸ್ತರ ಚಿಕ್ಕ ಸಹಿ. ಹುಡುಗ ಏನನ್ನೂ ಮುಚ್ಚಿಟ್ಟಿರಲಿಲ್ಲ. ಅವರು ನೋಡಿಯೇ ಸೇರಿಸಿಕೊಂಡಿದ್ದರು.

ಕುರುಕ್ಷೇತ್ರ ವಿಶ್ವವಿದ್ಯಾಲಯದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1975ರಲ್ಲೇ ಇದನ್ನು ಹೇಳಿದೆ. ಅರ್ಜಿ ಪರಿಶೀಲಿಸುವ ಅವಕಾಶ ಇದ್ದೂ ಪರಿಶೀಲಿಸದೆ, ಪರೀಕ್ಷೆಗೆ ಕೂರಿಸಿ, ಆಮೇಲೆ ವಿದ್ಯಾರ್ಥಿ ವಂಚಿಸಿದ ಎನ್ನುವಂತಿಲ್ಲ. ಮುಚ್ಚಿಟ್ಟವರಿಗೆ ಈ ರಕ್ಷಣೆ ಇಲ್ಲ, ಅಂಥವರ ವಕಾಲತ್ತು ನಾನು ಹಾಕುವುದೂ ಇಲ್ಲ.

ರಿಟ್‌ನ ‘ಪ್ರಾರ್ಥನೆ’ಯನ್ನು, ಅಂದರೆ ಕೋರ್ಟಿನಿಂದ ಏನು ಬೇಕೆಂದು ಕೇಳುವ ಭಾಗವನ್ನು, ಅಳೆದು ಬರೆದೆ. ‘ಈ ಪರೀಕ್ಷೆ ಪಿಯುಸಿಗೆ ಸಮಾನವೆಂದು ಘೋಷಿಸಿ’ ಎಂದು ಕೇಳಿದರೆ ನ್ಯಾಯಾಲಯ ಒಪ್ಪುವುದು ಅಪರೂಪ, ಅದು ಶೈಕ್ಷಣಿಕ ತಜ್ಞರ ಕೆಲಸ ಅಲ್ವಾ? ಹಾಗಾಗಿ ಸಮಾನತೆಯನ್ನು ವಿಶ್ವವಿದ್ಯಾಲಯದ ತಜ್ಞರ ಸಮಿತಿ ಇಂತಿಷ್ಟು ದಿನದೊಳಗೆ ತೀರ್ಮಾನಿಸಲಿ, ಅಲ್ಲಿಯವರೆಗೆ ಪರೀಕ್ಷೆಗೆ ಕೂರಿಸಿ ಫಲಿತಾಂಶ ತಡೆಹಿಡಿಯಲಿ ಎಂದು ಕೇಳಿದೆ. ಸಮಿತಿಗೆ ಕೊಡಲು ಆ ಮಂಡಳಿಯ ಪಠ್ಯಕ್ರಮವನ್ನು ವಿಷಯವಾರು ಜೋಡಿಸಿ ಲಗತ್ತಿಸಿದೆ.

ಪರೀಕ್ಷೆಗೆ ಕೂರಿಸಿ ಎಂಬ ಮಧ್ಯಂತರ (ಅಂತಿಮ ತೀರ್ಪಿನವರೆಗಿನ ತಾತ್ಕಾಲಿಕ) ಆದೇಶ ಸಿಕ್ಕಿದಾಗ ಅವನ ಅಪ್ಪ ಸಿಹಿ ಹಂಚಲು ಹೊರಟಿದ್ದರು. ತಡೆದೆ. ಇಂಥ ಆದೇಶದ ಮೇಲೆ ಪರೀಕ್ಷೆ ಬರೆಸುವ ರೂಢಿಯ ಬಗ್ಗೆ ಸುಪ್ರೀಂ ಕೋರ್ಟೇ 2003ರಲ್ಲಿ ಎಚ್ಚರಿಸಿದೆ. ಕೊನೆಗೆ ರಿಟ್ ವಜಾ ಆದರೆ ಬರೆದ ಪರೀಕ್ಷೆಗೆ ಬೆಲೆ ಇರುವುದಿಲ್ಲ. ಹುಡುಗನನ್ನೇ ಎದುರು ಕೂರಿಸಿ ಇದನ್ನು ಬಿಡಿಸಿ ಹೇಳಿದೆ, ಬೇರೆ ಕೋರ್ಸಿನ ಅರ್ಜಿಯನ್ನೂ ಹಾಕಿಸಿಟ್ಟೆ.

ಸಮಿತಿ ಪಠ್ಯಕ್ರಮ ನೋಡಿ ಸಮಾನವೆಂದು ಬರೆಯಿತು. ತಡೆಹಿಡಿದ ಫಲಿತಾಂಶ ಹೊರಬಿತ್ತು, ಅವನು ಎರಡನೇ ವರ್ಷಕ್ಕೆ ಹೋದ.