ಜೀವನಾಂಶದ ಅರ್ಜಿ: ಆಸ್ತಿ-ಆದಾಯದ ಅಫಿಡವಿಟ್ಟನ್ನು ಸುಮ್ನೆ ತುಂಬಬೇಡಿ

ಗಂಡ ಬೇರೆ ಇದ್ದಾನೆ, ಮಕ್ಕಳು ನಿಮ್ಮ ಹತ್ತಿರ ಇದ್ದಾರೆ, ಖರ್ಚಿಗೆ ಕೊಡುತ್ತಿಲ್ಲ. ಡೈವೋರ್ಸ್ ಆದ ಮೇಲೆ ನೋಡೋಣ ಅಂತ ಯಾರಾದರೂ ಹೇಳಿದರೆ ಕೇಳಬೇಡಿ, ಅಷ್ಟು ಕಾಯಬೇಕಿಲ್ಲ. 2024ರ ಜುಲೈ 1ರಿಂದ, ಜೀವನಾಂಶ ಕೊಡಿಸುತ್ತಿದ್ದ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ (ಸಿಆರ್‌ಪಿಸಿ) 125ನೇ ಕಲಮಿನ ಜಾಗಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೇ ಕಲಮು ಬಂದಿದೆ. ನಂಬರ್ ಬದಲಾಗಿದೆ, ಹಕ್ಕು ಹಾಗೇ ಇದೆ.

1. ಎಲ್ಲಿ ಹಾಕುವುದು: ನೀವು ಈಗ ತವರಲ್ಲಿದ್ದರೆ ಅಲ್ಲೇ ಹಾಕಬಹುದು. ಫ್ಯಾಮಿಲಿ ಕೋರ್ಟ್ ಇರುವ ಕಡೆ ಅಲ್ಲಿ, ಇಲ್ಲದ ಕಡೆ ಜೆಎಂಎಫ್‌ಸಿ (ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟ್) ಕೋರ್ಟಿನಲ್ಲಿ. ವಕೀಲರಿಗೆ ಕೊಡಲು ದುಡ್ಡಿಲ್ಲ ಅಂತ ಮನೆಯಲ್ಲಿ ಕೂರಬೇಡಿ. ಹೆಂಗಸರಿಗೆ ಆದಾಯ ಎಷ್ಟೇ ಇರಲಿ ಕಾನೂನು ನೆರವು ಉಚಿತ. ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ, ಇಲ್ಲವೇ 15100ಕ್ಕೆ ಫೋನ್ ಮಾಡಿ.

2. ಅರ್ಜಿ: ಮದುವೆಯ ದಾಖಲೆ ಅಥವಾ ಫೋಟೊ, ಮಕ್ಕಳ ಜನನ ಪ್ರಮಾಣಪತ್ರ, ಗಂಡನ ಸರಿಯಾದ ವಿಳಾಸ. ಅವನು ಕೆಲಸ ಮಾಡುವ ಜಾಗದ ವಿಳಾಸವನ್ನೂ ಕೊಡಿ, ನೋಟಿಸ್ ವಾಪಸ್ ಬಂದರೆ ತಿಂಗಳುಗಟ್ಟಲೆ ಹೋಗುತ್ತದೆ.

3. ಅಫಿಡವಿಟ್: ಜನ ಎಡವುವುದು ಇಲ್ಲೇ. ರಜನೀಶ್-ನೇಹಾ ಪ್ರಕರಣದಲ್ಲಿ 2020ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್, ಗಂಡ ಹೆಂಡತಿ ಇಬ್ಬರೂ ಆಸ್ತಿ, ಆದಾಯ, ಸಾಲದ ವಿವರವನ್ನು ಪ್ರಮಾಣ ಮಾಡಿ ಕೊಡಲೇಬೇಕು ಎಂದಿತು. ಎಷ್ಟು ಕೊಡಿಸಬೇಕು ಅಂತ ಜಡ್ಜ್ ಲೆಕ್ಕ ಹಾಕುವುದು ಮುಖ್ಯವಾಗಿ ಇದನ್ನೇ ನೋಡಿ. ಆದರೂ ನಾನು ನೋಡಿದ ಎಷ್ಟೋ ಅಫಿಡವಿಟ್‌ಗಳಲ್ಲಿ 'ಮಕ್ಕಳ ಖರ್ಚು 10,000' ಅಂತ ಒಂದೇ ಸಾಲು ಇರುತ್ತದೆ. ಹಾಗೆ ಬರೆದರೆ ಎದುರು ಪಕ್ಷದ ವಕೀಲರು ಅದನ್ನು ಅರ್ಧ ಮಾಡಲು ಕೇಳುತ್ತಾರೆ, ನಿಮ್ಮ ಕೈಯಲ್ಲಿ ತೋರಿಸಲು ಏನೂ ಇರುವುದಿಲ್ಲ.

ಬಿಡಿಸಿ ಬರೆಯಿರಿ. ಜೂನ್‌ನಲ್ಲಿ ಒಟ್ಟಿಗೆ ಕಟ್ಟಿದ ಶಾಲೆ ಫೀಸನ್ನು ಹನ್ನೆರಡರಿಂದ ಭಾಗಿಸಿ ತಿಂಗಳಿಗೆ ಹಾಕಿ, ರಸೀದಿ ಲಗತ್ತಿಸಿ. ವ್ಯಾನ್ ಬಾಡಿಗೆ, ಟ್ಯೂಷನ್, ಹಾಲು, ಗ್ಯಾಸ್, ಮನೆ ಬಾಡಿಗೆ, ಅಮ್ಮನ ಮನೆಯಲ್ಲಿದ್ದರೆ ಅಲ್ಲಿಗೆ ಕೊಡುವ ದುಡ್ಡು, ಮಗುವಿನ ಔಷಧಿ ಚೀಟಿ, ಎಲ್ಲವೂ ಬೇರೆ ಬೇರೆ ಸಾಲಿನಲ್ಲಿ ಬರಲಿ.

ನಿಮ್ಮ ಆದಾಯವನ್ನು ಮುಚ್ಚಿಡಬೇಡಿ. ಮನೆಯಲ್ಲಿ ಬ್ಲೌಸ್ ಹೊಲಿದು ತಿಂಗಳಿಗೆ ನಾಲ್ಕು ಸಾವಿರ ಬರುತ್ತಿದ್ದರೆ ಅದನ್ನೇ ಬರೆಯಿರಿ. ಸೊನ್ನೆ ಅಂತ ಬರೆದು, ಆಮೇಲೆ ಫೋನ್‌ಪೇಯಲ್ಲಿ ಬಂದ ದುಡ್ಡಿನ ಸ್ಟೇಟ್‌ಮೆಂಟ್ ಕೋರ್ಟಿಗೆ ಬಂದರೆ ನೀವು ಹೇಳಿದ ಉಳಿದ ನಿಜವನ್ನೂ ಯಾರೂ ನಂಬುವುದಿಲ್ಲ. ಸ್ವಲ್ಪ ಸಂಪಾದನೆ ಇದೆ ಅಂದ ಮಾತ್ರಕ್ಕೆ ಜೀವನಾಂಶ ತಪ್ಪುವುದಿಲ್ಲ.

ಗಂಡನ ಸಂಬಳ ಗೊತ್ತಿಲ್ಲ ಅಂತ ಜಾಗ ಖಾಲಿ ಬಿಡಬೇಡಿ. ಕಂಪನಿ, ಹುದ್ದೆ, ಕಾರಿನ ನಂಬರ್, ಯಾವ ಬ್ಯಾಂಕಿನಲ್ಲಿ ಖಾತೆ, ಗೊತ್ತಿರುವಷ್ಟು ಹಾಕಿ. ಜಮೀನಿದ್ದರೆ ಸರ್ವೆ ನಂಬರ್ ಹಿಡಿದು ಭೂಮಿ ವೆಬ್‌ಸೈಟಿನಲ್ಲಿ ಪಹಣಿ ತೆಗೆಸಿ. ವ್ಯವಸಾಯದವರಿಗೆ ಅಫಿಡವಿಟ್ ನಮೂನೆಯೇ ಬೇರೆ ಇದೆ, ಅದನ್ನೇ ಬಳಸಿ. ಅವನು ಮುಚ್ಚಿಡುತ್ತಿದ್ದಾನೆ ಅನಿಸಿದರೆ, ದಾಖಲೆ ತರಿಸಿ ಅಂತ ಕೋರ್ಟಿಗೆ ಅರ್ಜಿ ಹಾಕಬಹುದು.

ಕೋರ್ಟ್ ಪಕ್ಕದ ಟೈಪಿಂಗ್ ಅಂಗಡಿಯ ರೆಡಿಮೇಡ್ ನಮೂನೆ ಮಾತ್ರ ಬೇಡವೇ ಬೇಡ. ಅರ್ಧ ಕಾಲಂಗಳಲ್ಲಿ 'ಅನ್ವಯಿಸುವುದಿಲ್ಲ' ಅಂತ ಮೊದಲೇ ಹೊಡೆದಿರುತ್ತಾರೆ. ಮನೆಯಲ್ಲಿ ಕೂತು ಪೆನ್ಸಿಲ್‌ನಲ್ಲಿ ತುಂಬಿ, ವಕೀಲರಿಗೆ ತೋರಿಸಿ, ಆಮೇಲೆ ಟೈಪ್ ಮಾಡಿಸಿ.

ಹಿರಿಯರು ಕೂತು ಬಾಂಡ್ ಪೇಪರ್ ಮೇಲೆ ಮಾಡಿಸುವ ರಾಜಿಯೂ ಅಷ್ಟೇ. ಅವನು ಕೊಡುವುದು ನಿಲ್ಲಿಸಿದ ದಿನ ಆ ಕಾಗದ ತೋರಿಸಿ ವಾರಂಟ್ ತರಲು ಆಗುವುದಿಲ್ಲ. ರಾಜಿ ಆಗುವುದಾದರೆ ಕೋರ್ಟಿನ ಆದೇಶದಲ್ಲೇ ಬರೆಸಿಕೊಳ್ಳಿ.

4. ಮಧ್ಯಂತರ ಜೀವನಾಂಶ: ಅಂದರೆ ಕೇಸು ಮುಗಿಯುವವರೆಗಿನ ಖರ್ಚಿಗೆ ದುಡ್ಡು. ಮುಖ್ಯ ಅರ್ಜಿಯ ಜೊತೆಗೇ ಕೇಳಿ. ನೋಟಿಸ್ ಜಾರಿಯಾಗಿ 60 ದಿನದೊಳಗೆ ಸಾಧ್ಯವಾದಷ್ಟು ಮುಗಿಸಬೇಕು ಅಂತ ಕಾನೂನಿದೆ, ಆದರೆ ಜಾಸ್ತಿ ಎಳೆಯುತ್ತದೆ. ವಾಯಿದೆ ತಪ್ಪಿಸಬೇಡಿ. ಜೀವನಾಂಶವನ್ನು ಅರ್ಜಿ ಹಾಕಿದ ದಿನದಿಂದಲೇ ಕೊಡಿಸಬೇಕು ಅಂತಲೂ ರಜನೀಶ್-ನೇಹಾ ತೀರ್ಪು ಹೇಳಿದೆ.

5. ಆದೇಶ ಬಂದ ಮೇಲೆ: ದುಡ್ಡು ಬ್ಯಾಂಕ್ ಖಾತೆಗೇ ಬರಲಿ, ಕೈಗೆ ಬೇಡ. ಬಾಕಿ ಉಳಿಸಿದರೆ, ಪ್ರತಿ ತಿಂಗಳ ಬಾಕಿಗೂ ಅದು ಕೊಡಬೇಕಾಗಿದ್ದ ದಿನದಿಂದ ಒಂದು ವರ್ಷದೊಳಗೆ ವಸೂಲಿ ಅರ್ಜಿ ಹಾಕಬೇಕು. ಕೊಡ್ತೀನಿ ಕೊಡ್ತೀನಿ ಅನ್ನುವ ಮಾತು ನಂಬಿ ಈ ಗಡುವು ಕಳೆದುಕೊಂಡವರು ಬಹಳ ಮಂದಿ. ಎರಡು ತಿಂಗಳು ಬರದಿದ್ದರೆ ಹಾಕಿಬಿಡಿ. ವಾರಂಟ್ ಹೊರಡಿಸಿದರೂ ಕಟ್ಟದಿದ್ದರೆ ಒಂದೊಂದು ತಿಂಗಳ ಬಾಕಿಗೆ ಒಂದು ತಿಂಗಳವರೆಗೆ ಜೈಲು ಆಗಬಹುದು. ಜೈಲಿಗೆ ಹೋಗಿ ಬಂದರೂ ಸಾಲ ತೀರುವುದಿಲ್ಲ, ಬಾಕಿ ಬಾಕಿಯೇ. ಅವನು ಬೇರೆ ಊರಿಗೆ ಹೋಗಿದ್ದರೆ, ಆದೇಶದ ಪ್ರತಿ ಹಿಡಿದು ಆ ಊರಿನ ಮ್ಯಾಜಿಸ್ಟ್ರೇಟ್ ಹತ್ತಿರವೂ ಜಾರಿ ಮಾಡಿಸಬಹುದು. ಆ ಪ್ರತಿಯನ್ನು ನಿಮಗೆ ಉಚಿತವಾಗಿ ಕೊಡಬೇಕು, ಕೇಳಿ ಪಡೆಯಿರಿ.