ನಿಮ್ಮ ಬೀದಿಯ ಕೆಲಸ ಪಂಚಾಯಿತಿಯ ಕ್ರಿಯಾ ಯೋಜನೆಗೆ ಸೇರಬೇಕೆ? ಹೀಗೆ ಮಾಡಿ

ಚರಂಡಿ ಕಟ್ಟಿಕೊಂಡರೆ, ಬೀದಿ ದೀಪ ಕೆಟ್ಟರೆ, ನಲ್ಲಿಯಲ್ಲಿ ನೀರು ಬರದಿದ್ದರೆ ನಮ್ಮ ಹಳ್ಳಿಗಳಲ್ಲಿ ಜನ ಅರ್ಜಿ ಬರೆದುಕೊಂಡು ಶಾಸಕರ ಮನೆಗೆ ಹೋಗುತ್ತಾರೆ. ಅದೇ ಅರ್ಜಿಯನ್ನು ವಾರ್ಡ್ ಸಭೆಗೆ, ಅಂದರೆ ವಾರ್ಡಿನ ಮತದಾರರೆಲ್ಲ ಸೇರುವ ಸಭೆಗೆ, ತರುವವರು ಕಡಿಮೆ. ಶಾಸಕರು ಮನಸ್ಸು ಮಾಡಿದರೆ ಮಾಡಿಸಿಯಾರು, ಇಲ್ಲದಿದ್ದರೆ ಅಷ್ಟೇ. ಆದರೆ ವಾರ್ಡ್ ಸಭೆಯಲ್ಲಿ ಹೇಳಿ ನಡಾವಳಿ ಪುಸ್ತಕದಲ್ಲಿ ಬರೆಸಿದ್ದನ್ನು ಪಂಚಾಯಿತಿ ತನ್ನ ಕ್ರಿಯಾ ಯೋಜನೆಯಿಂದ, ಅಂದರೆ ವರ್ಷದ ಕಾಮಗಾರಿಗಳ ಪಟ್ಟಿಯಿಂದ, ಕೈಬಿಟ್ಟರೆ ಕಾರಣ ಕೇಳುವ ಹಕ್ಕು ನಿಮಗಿದೆ.

ಈ ಹಕ್ಕಿನ ಹಿಂದೆ ದೊಡ್ಡ ಹೋರಾಟವಿದೆ. ರಾಮಕೃಷ್ಣ ಹೆಗಡೆ ಸರ್ಕಾರದಲ್ಲಿ ಸಚಿವರಾಗಿದ್ದ ಅಬ್ದುಲ್ ನಜೀರ್ ಸಾಬ್ ಪಟ್ಟು ಹಿಡಿದು ತಂದ 1983ರ ಕಾಯ್ದೆಯಂತೆ 1987ರಲ್ಲಿ ಜಿಲ್ಲಾ ಪರಿಷತ್ತು ಮತ್ತು ಮಂಡಲ ಪಂಚಾಯಿತಿಗಳಿಗೆ ಚುನಾವಣೆ ನಡೆಯಿತು. ಹೆಣ್ಣುಮಕ್ಕಳಿಗೆ ಶೇ 25ರಷ್ಟು ಸ್ಥಾನ ಮೀಸಲಾಗಿತ್ತು. ಊರೂರಿಗೆ ಬೋರ್‌ವೆಲ್ ಕೊರೆಸಿ ‘ನೀರ್ ಸಾಬ್’ ಎಂದೇ ಹೆಸರಾಗಿದ್ದ ಅವರು ಮರುವರ್ಷವೇ ತೀರಿಕೊಂಡರು. ಪಂಚಾಯಿತಿಗಳಿಗೆ ಸಂವಿಧಾನದ ಮಾನ್ಯತೆ ಕೊಟ್ಟ 73ನೇ ತಿದ್ದುಪಡಿ ಜಾರಿಗೆ ಬಂದದ್ದು 1993ರ ಏಪ್ರಿಲ್‌ನಲ್ಲಿ. ಅದರ ಬೆನ್ನಿಗೇ, ಮೇ ತಿಂಗಳಲ್ಲಿ, ಕರ್ನಾಟಕ ತನ್ನ ಹೊಸ ಪಂಚಾಯತ್ ರಾಜ್ ಕಾಯ್ದೆಯನ್ನು ಜಾರಿಗೆ ತಂದಿತು.

ಡಾ. ಡಿ.ಎಂ. ನಂಜುಂಡಪ್ಪ ಸಮಿತಿಯನ್ನೂ ಇಲ್ಲಿ ನೆನೆಯಬೇಕು. ಪ್ರಾದೇಶಿಕ ಅಸಮತೋಲನದ ಬಗ್ಗೆ 2002ರಲ್ಲಿ ವರದಿ ಕೊಟ್ಟ ಆ ಸಮಿತಿ ಜಿಲ್ಲೆಗಳನ್ನು ಬಿಟ್ಟು ತಾಲ್ಲೂಕುಗಳನ್ನೇ ಅಳೆಯಿತು. ಆಗಿದ್ದ 175 ತಾಲ್ಲೂಕುಗಳಲ್ಲಿ 114 ಹಿಂದುಳಿದಿವೆ, ಅವುಗಳಲ್ಲಿ 39 ಅತ್ಯಂತ ಹಿಂದುಳಿದಿವೆ ಎಂದು ಪಟ್ಟಿ ಮಾಡಿತು. ಉತ್ತರದ ತಾಲ್ಲೂಕುಗಳ ಜೊತೆಗೆ, ಮುಂದುವರಿದಿದೆ ಎಂದುಕೊಂಡಿದ್ದ ದಕ್ಷಿಣದ 13 ತಾಲ್ಲೂಕುಗಳೂ ಆ 39ರಲ್ಲಿ ಸೇರಿದವು. ಜಿಲ್ಲೆಯ ಸರಾಸರಿಯೊಳಗೆ ಬಡ ತಾಲ್ಲೂಕು ಮುಚ್ಚಿಹೋಗಿರುತ್ತದೆ ಎಂಬುದನ್ನು ಆ ಪಟ್ಟಿ ತೋರಿಸಿಕೊಟ್ಟಿತು. ತಾಲ್ಲೂಕಿನ ಸರಾಸರಿಯೊಳಗೂ ಒಂದು ತಾಂಡಾ, ಒಂದು ಹಟ್ಟಿ, ಒಂದು ಹಾಡಿ ಹೀಗೆಯೇ ಮುಚ್ಚಿಹೋಗಿರುತ್ತದೆ. ಅಲ್ಲಿಯವರೇ ಬಂದು ಹೇಳಿ ಬರೆಸದಿದ್ದರೆ ಅದು ಯಾವ ಪಟ್ಟಿಯಲ್ಲೂ ಕಾಣುವುದಿಲ್ಲ. ಬರೆಸುವುದು ಹೇಗೆಂದು ನೋಡೋಣ.

ಕೆಲಸ ಯಾರದು ಎಂದು ಮೊದಲು ತಿಳಿದುಕೊಳ್ಳಿ

ಊರೊಳಗಿನ ರಸ್ತೆ, ಚರಂಡಿ, ಬೀದಿ ದೀಪ, ಕಸ ವಿಲೇವಾರಿ, ನಲ್ಲಿ ನೀರಿನ ನಿರ್ವಹಣೆ ಗ್ರಾಮ ಪಂಚಾಯಿತಿಗೇ ಸೇರಿದ್ದು. ಊರಿಂದೂರಿಗೆ ಹೋಗುವ ರಸ್ತೆ ಪಂಚಾಯತ್ ರಾಜ್ ಎಂಜಿನಿಯರಿಂಗ್ ವಿಭಾಗದ್ದೋ ಲೋಕೋಪಯೋಗಿ ಇಲಾಖೆಯದ್ದೋ ಆಗಿರುತ್ತದೆ. ಪಂಚಾಯಿತಿಯ ಕೈಯಲ್ಲಿಲ್ಲದ ಕೆಲಸವಾದರೂ ಗ್ರಾಮಸಭೆಯಲ್ಲಿ ಠರಾವು ಮಾಡಿಸಿ ಆಯಾ ಇಲಾಖೆಗೆ ಕಳುಹಿಸಬಹುದು. ‘ಇದು ನಮಗೆ ಬರೋದಿಲ್ಲ’ ಎಂಬ ಮಾತು ಕೇಳಿ ಎದ್ದುಬರಬೇಡಿ. ಯಾರಿಗೆ ಬರುತ್ತದೋ ಅವರಿಗೆ ಪತ್ರ ಬರೆಯಿರಿ ಎಂದು ಅಲ್ಲೇ ಕೇಳಿ.

ಹೋಗುವ ಮೊದಲು ಅಳತೆ ಹಿಡಿಯಿರಿ

ಹೆಚ್ಚಿನ ಬೇಡಿಕೆಗಳು ಸೋಲುವುದು ಇಲ್ಲಿ. ಒಂದು ಟೇಪು ಹಿಡಿದು ಚರಂಡಿ ಎಷ್ಟು ಮೀಟರ್ ಬೇಕು ಎಂದು ಅಳೆದುಕೊಳ್ಳಿ. ಎಲ್ಲಿಂದ ಎಲ್ಲಿಗೆ ಎನ್ನುವುದಕ್ಕೆ ಎರಡು ಗುರುತು ಇಟ್ಟುಕೊಳ್ಳಿ. ಎಷ್ಟು ಮನೆಗಳಿಗೆ ಉಪಯೋಗ, ಅವುಗಳಲ್ಲಿ ಪರಿಶಿಷ್ಟ ಜಾತಿ, ಪಂಗಡದ ಮನೆಗಳೆಷ್ಟು, ಅಂಗವಿಕಲರು ಯಾರಿದ್ದಾರೆ ಎಂದೂ ಬರೆದುಕೊಳ್ಳಿ. ಇದರಿಂದ ಅನುಕಂಪ ಗಿಟ್ಟಲಿ ಎಂದು ಹೇಳುತ್ತಿಲ್ಲ. ಪಂಚಾಯಿತಿಯ ಸ್ವಂತ ವರಮಾನದಲ್ಲಿ ಶೇ 25ರಷ್ಟನ್ನು ಪರಿಶಿಷ್ಟರಿಗೆ, ಶೇ 5ರಷ್ಟನ್ನು ಅಂಗವಿಕಲರಿಗೆ ಎಂದು ಬೇರೆಯೇ ಎತ್ತಿಡಬೇಕು. ನಿಮ್ಮ ಕೆಲಸ ಯಾವ ಬಾಬ್ತಿನಲ್ಲಿ ಬರುತ್ತದೆ ಎಂಬುದು ಈ ಲೆಕ್ಕದಿಂದಲೇ ತೀರ್ಮಾನವಾಗುತ್ತದೆ. ಮೊಬೈಲಿನಲ್ಲಿ ನಾಲ್ಕು ಫೋಟೊ ತೆಗೆದಿಡಿ, ಮಳೆಗಾಲದ್ದಾದರೆ ಇನ್ನೂ ಒಳ್ಳೆಯದು.

ವಾರ್ಡ್ ಸಭೆಯನ್ನು ತಪ್ಪಿಸಬೇಡಿ

ಮುಂದಿನ ವರ್ಷದ ಯೋಜನೆಗಾಗಿ ಅಕ್ಟೋಬರ್ 2ರ ಗಾಂಧಿ ಜಯಂತಿಯಿಂದ ಸಭೆಗಳ ಸುಗ್ಗಿ ಶುರುವಾಗುತ್ತದೆ. ಗ್ರಾಮಸಭೆಗಿಂತ ಮೊದಲು ವಾರ್ಡ್ ಸಭೆ ನಡೆಯಬೇಕು. ಅದಕ್ಕೆ ಆ ವಾರ್ಡಿನ ಸದಸ್ಯರದೇ ಅಧ್ಯಕ್ಷತೆ. ಕೆಲವು ಕಡೆ ವಾರ್ಡ್ ಸಭೆ ಕಾಗದದ ಮೇಲೆ ಮಾತ್ರ ನಡೆಯುತ್ತದೆ: ಯಾರದೋ ಜಗಲಿಯಲ್ಲಿ ಪುಸ್ತಕ ಇಟ್ಟುಕೊಂಡು ಸಹಿ ಸಂಗ್ರಹಿಸಿದರೆ ಮುಗಿಯಿತು. ಸಹಿಗೆ ಪುಸ್ತಕ ಬಂದರೆ ಮೇಲೆ ಏನು ಬರೆದಿದೆ ಎಂದು ಓದಿ. ಖಾಲಿ ಹಾಳೆಗೆ ದಯವಿಟ್ಟು ಸಹಿ ಹಾಕಬೇಡಿ. ಆ ಒಂದು ಸಹಿಯಿಂದ ವರ್ಷವಿಡೀ ನಿಮ್ಮ ಬೀದಿಯ ಬಾಯಿ ಕಟ್ಟಿದಂತಾಗುತ್ತದೆ.

ಡಂಗೂರ ಕೇಳಿಸಲಿಲ್ಲ, ನೋಟಿಸು ಕಾಣಲಿಲ್ಲ ಎಂದು ಕೂರುವ ಬದಲು ಸೆಪ್ಟೆಂಬರ್ ಕೊನೆಯಲ್ಲೇ ಪಂಚಾಯಿತಿ ಕಚೇರಿಗೆ ಹೋಗಿ ಪಿಡಿಓ (ಪಂಚಾಯಿತಿ ಅಭಿವೃದ್ಧಿ ಅಧಿಕಾರಿ) ಅವರನ್ನೋ ಕಾರ್ಯದರ್ಶಿಯನ್ನೋ ‘ನಮ್ಮ ವಾರ್ಡ್ ಸಭೆ ಯಾವತ್ತು ಸಾರ್?’ ಎಂದು ಕೇಳಿ, ತಾರೀಖು ಬರೆದುಕೊಂಡು ಬನ್ನಿ. ಸಭೆಗೆ ಹೋಗುವಾಗ ಹೆಣ್ಣುಮಕ್ಕಳನ್ನು ಜೊತೆಗೆ ಕರೆದುಕೊಂಡು ಹೋಗಿ. ನೀರು ಎಷ್ಟು ಹೊತ್ತಿಗೆ ಬರುತ್ತದೆ, ಎಷ್ಟು ದಿನಕ್ಕೊಮ್ಮೆ ಬರುತ್ತದೆ ಎಂದು ಸರಿಯಾಗಿ ಹೇಳಬಲ್ಲವರು ಅವರೇ. ಸ್ತ್ರೀಶಕ್ತಿ ಸಂಘದವರು ಗುಂಪಾಗಿ ಕೂತ ಸಭೆಯನ್ನು ಹತ್ತು ನಿಮಿಷದಲ್ಲಿ ಮುಗಿಸಲು ಯಾರಿಗೂ ಧೈರ್ಯ ಬರುವುದಿಲ್ಲ.

ನಡಾವಳಿಯಲ್ಲಿ ಏನು ಬರೆದರು ಎಂಬುದೇ ಮುಖ್ಯ

ವಾರ್ಡ್ ಸಭೆಯ ಪಟ್ಟಿಗಳೆಲ್ಲ ಗ್ರಾಮಸಭೆಗೆ ಬರುತ್ತವೆ. ಅಲ್ಲಿ ಅಧ್ಯಕ್ಷರು, ಸಭೆಯ ಉಸ್ತುವಾರಿಗೆ ನೇಮಕವಾದ ನೋಡಲ್ ಅಧಿಕಾರಿ, ಬೇರೆ ಬೇರೆ ಇಲಾಖೆಯವರು ಇರುತ್ತಾರೆ. ಗ್ರಾಮಸಭೆ ಆರು ತಿಂಗಳಿಗೆ ಒಮ್ಮೆಯಾದರೂ ನಡೆಯಲೇಬೇಕು. ಮೈಕಿನಲ್ಲಿ ನೀವು ಎಷ್ಟು ಜೋರಾಗಿ ಹೇಳಿದಿರಿ ಎಂಬುದು ಮರುದಿನಕ್ಕೆ ಉಳಿಯುವುದಿಲ್ಲ. ಪುಸ್ತಕದಲ್ಲಿ ಬಿದ್ದ ಸಾಲು ಮಾತ್ರ ಉಳಿಯುತ್ತದೆ. ಸಾಮಾನ್ಯವಾಗಿ ಬೀಳುವ ಸಾಲು ಹೀಗಿರುತ್ತದೆ:

‘ಕಾಲೊನಿಯಲ್ಲಿ ಚರಂಡಿ ಸಮಸ್ಯೆ ಇರುವ ಬಗ್ಗೆ ಸಾರ್ವಜನಿಕರು ತಿಳಿಸಿದರು. ಚರ್ಚಿಸಲಾಯಿತು.’

ಈ ಸಾಲಿನಿಂದ ಒಂದು ಕಲ್ಲೂ ಅಲುಗಾಡುವುದಿಲ್ಲ. ಬರೆಸಬೇಕಾದ್ದು ಈ ಬಗೆಯದು:

‘3ನೇ ವಾರ್ಡಿನಲ್ಲಿ ಅಂಗನವಾಡಿ ಮುಂಭಾಗದಿಂದ ಊರ ಮುಂದಿನ ಮೋರಿಯವರೆಗೆ 120 ಮೀಟರ್ ಚರಂಡಿ ನಿರ್ಮಿಸುವುದು. 34 ಮನೆಗಳಿಗೆ ಅನುಕೂಲವಾಗುತ್ತದೆ. ಸದರಿ ಕಾಮಗಾರಿಯನ್ನು ಮುಂದಿನ ಸಾಲಿನ ಕ್ರಿಯಾ ಯೋಜನೆಯಲ್ಲಿ ಮೊದಲ ಆದ್ಯತೆಯಾಗಿ ಸೇರಿಸಲು ಸಭೆ ಸರ್ವಾನುಮತದಿಂದ ತೀರ್ಮಾನಿಸಿತು.’

ಇಲ್ಲಿನ ಸಂಖ್ಯೆಗಳು ಮಾದರಿಗೆ ಮಾತ್ರ, ನಿಮ್ಮ ಅಳತೆಯನ್ನು ಹಾಕಿಕೊಳ್ಳಿ. ಸ್ಥಳ, ಅಳತೆ, ಫಲಾನುಭವಿ, ಆದ್ಯತೆ, ತೀರ್ಮಾನ, ಈ ಐದೂ ಇದ್ದರೆ ಎಂಜಿನಿಯರು ಅಂದಾಜು ಪಟ್ಟಿ ತಯಾರಿಸಬಹುದು. ‘ಚರ್ಚಿಸಲಾಯಿತು’ ಎಂದಷ್ಟೇ ಬರೆದಿದ್ದರೆ ‘ತೀರ್ಮಾನಿಸಲಾಯಿತು’ ಎಂದು ಬರೆಯಲು ಒತ್ತಾಯಿಸಿ, ಸಭೆ ಮುಗಿಯುವ ಮೊದಲು ಓದಿಸಿ ಕೇಳಿ, ಆಮೇಲೆ ಸಹಿ ಹಾಕಿ. ಹತ್ತು ಬೇಡಿಕೆ ಇಟ್ಟುಕೊಂಡು ಹೋಗಬೇಡಿ. ಮೂರು ಸಾಕು, ಒಂದಾದಮೇಲೊಂದು ಕ್ರಮದಲ್ಲಿ. ಪಟ್ಟಿ ಉದ್ದವಾದಷ್ಟೂ ಅದರಲ್ಲಿ ಯಾವುದನ್ನು ಆರಿಸಬೇಕು ಎಂಬ ಅಧಿಕಾರವನ್ನು ನೀವೇ ಬೇರೆಯವರ ಕೈಗೆ ಕೊಟ್ಟಂತಾಗುತ್ತದೆ.

ದುಡ್ಡು ಎಲ್ಲಿಂದ ಬರುತ್ತದೆ?

‘ಅನುದಾನ ಇಲ್ಲ’ ಎಂಬ ಮಾತು ಬರುವುದು ಖಂಡಿತ. ಯಾವ ಅನುದಾನ ಇಲ್ಲ ಎಂದು ಮರುಪ್ರಶ್ನೆ ಹಾಕಿ. ಕೇಂದ್ರದ 15ನೇ ಹಣಕಾಸು ಆಯೋಗದ ಶಿಫಾರಸಿನಂತೆ 2021ರಿಂದ 2026ರವರೆಗೆ ಪಂಚಾಯಿತಿಗಳಿಗೆ ಕೊಟ್ಟ ಅನುದಾನದಲ್ಲಿ ಶೇ 60ರಷ್ಟು ನಿರ್ಬಂಧಿತವಾಗಿತ್ತು: ಅರ್ಧ ನೈರ್ಮಲ್ಯಕ್ಕೆ, ಇನ್ನರ್ಧ ಕುಡಿಯುವ ನೀರು, ಮಳೆ ನೀರು ಸಂಗ್ರಹಕ್ಕೆ. ಉಳಿದ ಶೇ 40ರಷ್ಟನ್ನು ಊರಿನ ಅಗತ್ಯಕ್ಕೆ ಬಳಸಬಹುದಿತ್ತು, ಸಂಬಳಕ್ಕೆ ಬಳಸುವಂತಿರಲಿಲ್ಲ. ಮುಂದಿನ ಅನುದಾನಗಳ ನಿಯಮವನ್ನೂ ಹೀಗೇ ಕೇಳಿ ತಿಳಿದುಕೊಳ್ಳಿ. ಇದರ ಮೇಲೆ ಮನೆಗಂದಾಯ, ನೀರಿನ ಕರದ ಸ್ವಂತ ವರಮಾನ, ಉದ್ಯೋಗ ಖಾತರಿ ಕಾಮಗಾರಿಗಳು ಬೇರೆ. ಒಂದು ಮಾತನ್ನು ನೇರವಾಗಿ ಹೇಳಬೇಕು: ಕಂದಾಯ ಬಾಕಿ ಇಟ್ಟುಕೊಂಡ ಊರಿಗೆ ಸ್ವಂತ ವರಮಾನದ ಲೆಕ್ಕ ಕೇಳುವಾಗ ದನಿ ಏಳುವುದಿಲ್ಲ. ರಸೀದಿ ಹಿಡಿದು ಕೇಳಿ.

ಯೋಜನೆ ಮೇಲಕ್ಕೆ ಹೋದ ಮೇಲೆ

ಗ್ರಾಮಸಭೆ ಒಪ್ಪಿದ ಯೋಜನೆ ಪಂಚಾಯಿತಿಯ ಸಾಮಾನ್ಯ ಸಭೆಗೆ ಬಂದು ‘ಇ-ಗ್ರಾಮ ಸ್ವರಾಜ್’ ಜಾಲತಾಣಕ್ಕೆ ಏರುತ್ತದೆ. ನಿಮ್ಮ ಪಂಚಾಯಿತಿ ಹೆಸರು ಹಾಕಿ ಅಲ್ಲಿ ಯಾರು ಬೇಕಾದರೂ ನೋಡಬಹುದು. ನಿಮ್ಮ ಕೆಲಸ ಇಲ್ಲದಿದ್ದರೆ ಅಥವಾ ಅದರ ಜಾಗದಲ್ಲಿ ಬೇರೆ ವಾರ್ಡಿನ ರಸ್ತೆ ಕೂತಿದ್ದರೆ ನಡಾವಳಿಯ ನಕಲು ಕೇಳಿ. ಬಾಯಿಮಾತಿನಲ್ಲಿ ಕೇಳಿದಾಗ ಕೊಡದಿದ್ದರೆ 10 ರೂಪಾಯಿ ಶುಲ್ಕ ಕಟ್ಟಿ ಮಾಹಿತಿ ಹಕ್ಕಿನಡಿ ಅರ್ಜಿ ಹಾಕಿ. 30 ದಿನದೊಳಗೆ ಉತ್ತರ ಕೊಡಬೇಕು. ಅಲ್ಲಿಂದ ಮುಂದಕ್ಕೆ ದೂರು ಕೊಡಬೇಕಾದ್ದು ತಾಲ್ಲೂಕು ಪಂಚಾಯಿತಿಯ ಇಓ (ಕಾರ್ಯನಿರ್ವಾಹಕ ಅಧಿಕಾರಿ), ಜಿಲ್ಲಾ ಪಂಚಾಯಿತಿಯ ಸಿಇಓ (ಮುಖ್ಯ ಕಾರ್ಯನಿರ್ವಾಹಕ ಅಧಿಕಾರಿ) ಅವರಿಗೆ.

ಮೇಲಿನ ಈ ಎರಡು ಹಂತಗಳ ಬಗ್ಗೆ ಒಂದು ನೋವು ಇದೆ. ಅವಕ್ಕೆ 2016ರಲ್ಲಿ ಚುನಾವಣೆ ನಡೆದಿತ್ತು. 2021ರಲ್ಲಿ ಅವಧಿ ಮುಗಿದ ಮೇಲೆ ವರ್ಷಗಟ್ಟಲೆ ಚುನಾಯಿತ ಸದಸ್ಯರೇ ಇಲ್ಲದೆ ಆಡಳಿತಾಧಿಕಾರಿಗಳ ಕೈಯಲ್ಲಿ ನಡೆದವು. ಎರಡು ಪಂಚಾಯಿತಿಗಳ ನಡುವಿನ ರಸ್ತೆ, ಕೆರೆ, ಶಾಲೆ ಇವುಗಳ ಪರವಾಗಿ ಮಾತಾಡುತ್ತಿದ್ದವರು ಆ ಸದಸ್ಯರು. ದೇವದುರ್ಗದಂಥ ಹಿಂದುಳಿದ ತಾಲ್ಲೂಕಿಗೆ ಈ ಖಾಲಿ ಕುರ್ಚಿಯ ಪೆಟ್ಟು ಬೆಂಗಳೂರಿನ ಸುತ್ತಲಿನ ತಾಲ್ಲೂಕಿಗಿಂತ ಹೆಚ್ಚು ಬೀಳುತ್ತದೆ. ನಜೀರ್ ಸಾಬರ ನಾಡಿನಲ್ಲಿ ಹೀಗಾಗಬಾರದಿತ್ತು. ಆ ಚುನಾವಣೆಗೆ ಒತ್ತಾಯಿಸುವ ಠರಾವನ್ನೂ ಗ್ರಾಮಸಭೆಯಲ್ಲಿ ಮಾಡಬಹುದು, ಮಾಡಿ.

ಕೆಲಸ ಮಂಜೂರಾದರೆ ನಿಮ್ಮ ಪಾಲಿನ ಕೆಲಸ ಮುಗಿದಿಲ್ಲ. ಅಂದಾಜು ಪಟ್ಟಿಯ ನಕಲು ಇಟ್ಟುಕೊಂಡು, ಹಾಕಿದ ಕಾಂಕ್ರೀಟಿನ ದಪ್ಪ, ಅಗಲ ನೀವೇ ಅಳೆಯಿರಿ. ಬಿಲ್ಲಾಗುವುದು ಎಂಜಿನಿಯರು ಅಳತೆ ಪುಸ್ತಕದಲ್ಲಿ ಬರೆದಷ್ಟಕ್ಕೆ. ವರ್ಷದ ಲೆಕ್ಕಪತ್ರ, ಕಾಮಗಾರಿಗಳನ್ನು ಊರಿನವರ ಮುಂದೆ ಇಡುವ ಜಮಾಬಂದಿ ಆಗಸ್ಟ್ 16ರಿಂದ ಸೆಪ್ಟೆಂಬರ್ 15ರೊಳಗೆ ನಡೆಯುತ್ತದೆ. ಅಂದು ಅಧಿಕಾರಿಗಳನ್ನು ಕಚೇರಿಯಿಂದ ಎಬ್ಬಿಸಿ ಚರಂಡಿಯ ಹತ್ತಿರವೇ ಕರೆದುಕೊಂಡು ಹೋಗಿ ತೋರಿಸಿ. ಲೋಪವಿದ್ದರೆ ಜಮಾಬಂದಿ ವರದಿಯಲ್ಲಿ ಬರೆಸಿ, ಲಿಖಿತ ದೂರಿನ ನಕಲಿಗೆ ಸೀಲು ಹಾಕಿಸಿಕೊಂಡೇ ಮನೆಗೆ ಬನ್ನಿ.