ಅರ್ಧಕ್ಕೆ ಕಾಲು ಸೇರಿಸಿದರೆ ಮುಕ್ಕಾಲು: ಮಗಳಿಗೆ ಭಿನ್ನರಾಶಿ ಹೇಳಿಕೊಟ್ಟ ನನ್ನ ಅನುಭವ

ಲೆಕ್ಕ ಹೀಗಿತ್ತು. ಒಬ್ಬ ಹುಡುಗಿ ಪುಸ್ತಕದ 1/3 ಭಾಗವನ್ನು ಸೋಮವಾರ ಓದಿದಳು, 1/4 ಭಾಗವನ್ನು ಮಂಗಳವಾರ ಓದಿದಳು. ಎರಡೂ ದಿನ ಸೇರಿ ಎಷ್ಟು ಓದಿದಳು? ನನ್ನ ಮಗಳು ಮೇಲಿನದಕ್ಕೆ ಮೇಲಿನದು, ಕೆಳಗಿನದಕ್ಕೆ ಕೆಳಗಿನದು ಕೂಡಿಸಿ 2/7 ಅಂತ ಬರೆದಿದ್ದಳು.

ನಾನು ತಕ್ಷಣ ಲ.ಸಾ.ಅ. (ಎರಡೂ ಸಂಖ್ಯೆಗಳಿಂದ ಶೇಷವಿಲ್ಲದೆ ಭಾಗವಾಗುವ ಅತಿ ಚಿಕ್ಕ ಸಂಖ್ಯೆ) ಹೇಳಿಕೊಟ್ಟೆ. 3 ಮತ್ತು 4ರ ಲ.ಸಾ.ಅ. 12, ಹಾಗಾಗಿ 4/12 + 3/12 = 7/12. ಅವತ್ತು ಸರಿಯಾಗಿ ಮಾಡಿದಳು. ಒಂದು ವಾರ ಬಿಟ್ಟು ನೋಡಿದರೆ ಮತ್ತೆ ಹಳೇ ಕಥೆ. ಯಾಕೆ ಹಾಗೆ ಮಾಡಬೇಕು ಅನ್ನೋದನ್ನು ನಾನು ಹೇಳಿರಲೇ ಇಲ್ಲ.

ಈ ಸಲ ಪೆನ್ಸಿಲ್ ಕೆಳಗಿಡು ಅಂದೆ. "ಅರ್ಧಕ್ಕೆ ಕಾಲು ಸೇರಿಸಿದರೆ ಎಷ್ಟಾಗುತ್ತೆ?"

"ಮುಕ್ಕಾಲು." ಒಂದು ಕ್ಷಣವೂ ಯೋಚಿಸಲಿಲ್ಲ.

"ಅದನ್ನೇ ಈಗ ಬರಿ."

1/2 + 1/4 ಅಂತ ಬರೆದು, ಅಭ್ಯಾಸದಂತೆ 2/6 ಅಂತ ಉತ್ತರ ಹಾಕಿ, ಅಲ್ಲೇ ನಿಂತಳು. "ಅಪ್ಪಾ, 2/6 ಅಂದ್ರೆ 1/3 ಅಲ್ವಾ? ಅದು ಅರ್ಧಕ್ಕಿಂತ ಕಡಿಮೆ!" ಸೇರಿಸಿದ ಮೇಲೆ ಕಡಿಮೆ ಆಗೋದು ಹೇಗೆ ಅಂತ ಅವಳೇ ಕೇಳಿದಳು. ಆಮೇಲೆ 2/7 ಕೂಡ ಸೋಮವಾರದ 1/3ಕ್ಕಿಂತ ಚಿಕ್ಕದು ಅಂತ ತೋರಿಸಿದೆ.

ಮುಕ್ಕಾಲು ಅಂದರೆ ಮೂರು ಕಾಲು. ಅರ್ಧವನ್ನು ಎರಡು ಕಾಲು ಅಂತ ಬದಲಾಯಿಸಿಕೊಂಡು, ಇನ್ನೊಂದು ಕಾಲು ಸೇರಿಸಿದಾಗ ಮಾತ್ರ ಆ ಮೂರು ಬರುತ್ತೆ. ಛೇದ (ಕೆಳಗಿನ ಸಂಖ್ಯೆ) ಸಮ ಮಾಡೋದು ಅಂದರೆ ಇಷ್ಟೇ, ಬಾಯಲ್ಲಿ ನಾವು ದಿನಾ ಮಾಡುತ್ತಿರುತ್ತೇವೆ. ಇದು ಹೊಳೆದಾಗ ನನಗಂತೂ ತುಂಬಾ ಖುಷಿಯಾಯಿತು.

1/3ಕ್ಕೂ 1/4ಕ್ಕೂ ಹಾಗೆ ಎರಡಕ್ಕೂ ಹೊಂದುವ ಸುಲಭದ ಹೆಸರಿಲ್ಲ, ಅದಕ್ಕೆ 3 ಅಡ್ಡಸಾಲು, 4 ಕಂಬಸಾಲಿನ ಚೌಕಟ್ಟು ಹಾಕಿದೆವು. ಒಟ್ಟು 12 ಮನೆ. ಒಂದು ಅಡ್ಡಸಾಲು 1/3, ಅಂದರೆ 4 ಮನೆ. ಒಂದು ಕಂಬಸಾಲು 1/4, ಅಂದರೆ 3 ಮನೆ. ಇಲ್ಲೊಂದು ಎಚ್ಚರ ಬೇಕು: ಎರಡಕ್ಕೂ ಅದೇ ಚೌಕಟ್ಟಿನಲ್ಲಿ ಬಣ್ಣ ಹಚ್ಚಿದರೆ ಒಂದು ಮನೆ ಎರಡರಲ್ಲೂ ಬರುತ್ತೆ, ಮಕ್ಕಳು 6 ಅಂತ ಎಣಿಸುತ್ತಾರೆ. ಮೊದಲು ಬೇರೆಬೇರೆಯಾಗಿ ಎಣಿಸಿ, ಆಮೇಲೆ ಹೊಸ ಚೌಕಟ್ಟಿನಲ್ಲಿ 7 ಮನೆ ತುಂಬಿಸಿದೆವು.

5/6 + 3/8 ಬಂದಾಗ ಅವಳು 6ನ್ನು 8ರಿಂದ ಗುಣಿಸಿ 48 ಮಾಡಿಕೊಂಡಳು. ನಾನು ತಡೆಯಲಿಲ್ಲ. 40/48 + 18/48 = 58/48, ಸಂಕ್ಷೇಪಿಸಿದರೆ 29/24, ಅಂದರೆ 1 ಪೂರ್ಣ 5/24. ಉತ್ತರ ಸರಿಯೇ ತಾನೇ? ದೊಡ್ಡ ಸಂಖ್ಯೆ ಬೇಜಾರಾದ ಮೇಲೆ 24 ಸಾಕಲ್ವಾ ಅಂತ ತಾನೇ ಕೇಳಿದಳು. ಲ.ಸಾ.ಅ. ಹೇಳಿಕೊಡೋಕೆ ಅದಕ್ಕಿಂತ ಒಳ್ಳೆ ಹೊತ್ತು ಸಿಗಲ್ಲ.

ಕೂಡೋದು ಬಂದ ಮೇಲೂ ಉಳಿದ ತೊಂದರೆ ಓದೋದರಲ್ಲಿ. ಅದೇ ಪುಸ್ತಕದ ಲೆಕ್ಕದಲ್ಲಿ "ಮಂಗಳವಾರ ಉಳಿದದ್ದರಲ್ಲಿ 1/4 ಭಾಗ ಓದಿದಳು" ಅಂತ ಇದ್ದರೆ ಸುಮ್ನೆ 1/3 + 1/4 ಮಾಡುವಂತಿಲ್ಲ. ಉಳಿದದ್ದು 2/3, ಅದರ ಕಾಲು ಭಾಗ 1/6. 1/3 + 1/6 ಸೇರಿದರೆ ಸರಿಯಾಗಿ ಅರ್ಧ ಪುಸ್ತಕ. ಈಗ ಅವಳು ಪೆನ್ಸಿಲ್ ಹಿಡಿಯುವ ಮುಂಚೆ, ಪ್ರತಿ ಭಿನ್ನರಾಶಿಯ ಕೆಳಗೂ ಬೆರಳಿಟ್ಟು "ಯಾವುದರಲ್ಲಿ?" ಅಂತ ಕೇಳಿಕೊಳ್ಳುತ್ತಾಳೆ.